ಸಿಂಕ್ ಕೆಳಗಿನ ಏರ್ ವಾಲ್ವ್: ನಾಲ್ಕು ವರ್ಷ ಬಳಸಿದ ಮೇಲೆ

ನಮ್ಮ ಅಡುಗೆಮನೆಯ ಸಿಂಕ್ ಖಾಲಿಯಾಗುವ ಹೊತ್ತಿಗೆ ಕೊಳವೆಯೊಳಗಿಂದ ಗೊಳಗೊಳ ಸದ್ದು ಏಳುತ್ತಿತ್ತು. ಅದೇ ಕೊಳವೆಗೆ ಸೇರಿದ ವಾಷಿಂಗ್ ಮೆಷಿನ್ ನೀರು ಬಿಟ್ಟಾಗಂತೂ ಪಕ್ಕದ ಕೋಣೆಯಲ್ಲಿ ಮಲಗಿದವರಿಗೂ ಎಚ್ಚರವಾಗುತ್ತಿತ್ತು. ಸದ್ದನ್ನು ಹೇಗೋ ಸಹಿಸಿಕೊಂಡೆವು. ಅದರ ಬೆನ್ನಿಗೇ ಬರುತ್ತಿದ್ದ ಚರಂಡಿಯ ವಾಸನೆಯನ್ನು ಮಾತ್ರ ಸಹಿಸಲಾಗಲಿಲ್ಲ. ಕೊಳವೆ ಕಟ್ಟಿಕೊಂಡಿದೆ ಎಂದುಕೊಂಡು ಎರಡು ಬಾರಿ ಪುಡಿ ಸುರಿದೆವು. ಏನೂ ಪ್ರಯೋಜನವಾಗಲಿಲ್ಲ. ಕೊನೆಗೆ ಏರ್ ಅಡ್ಮಿಟೆನ್ಸ್ ವಾಲ್ವ್ ಹಾಕಿಸಿದೆ.

ಇದೊಂದು ಮುಷ್ಟಿ ಗಾತ್ರದ ಪ್ಲಾಸ್ಟಿಕ್ ಸಾಧನ. 1970ರ ದಶಕದಲ್ಲಿ ಸ್ವೀಡನ್ನಿನಲ್ಲಿ ಬಳಕೆಗೆ ಬಂದದ್ದು. ಒಳಗೆ ಒಂದು ರಬ್ಬರ್ ಬಿಲ್ಲೆ ಇರುತ್ತದೆ. ಕೊಳವೆಯಲ್ಲಿ ನೀರು ರಭಸವಾಗಿ ಇಳಿಯುವಾಗ ತನ್ನ ಹಿಂದೆ ಗಾಳಿಯನ್ನು ಸೆಳೆಯುತ್ತದೆ. ಗಾಳಿಗೆ ಬೇರೆ ದಾರಿ ಇಲ್ಲದಿದ್ದರೆ ಸಿಂಕಿನ ಕೆಳಗಿನ ಬಾಗಿದ ಟ್ರ್ಯಾಪ್‌ನಲ್ಲಿ ನಿಂತ ನೀರನ್ನೇ ಸೀಳಿಕೊಂಡು ನುಗ್ಗುತ್ತದೆ. ನಮಗೆ ಕೇಳಿಸುವ ಗೊಳಗೊಳ ಅದೇ. ಹಾಗೆ ನುಗ್ಗುವಾಗ ಟ್ರ್ಯಾಪಿನ ನೀರೂ ಎಳೆದುಕೊಂಡು ಹೋಗುತ್ತದೆ. ವಾಸನೆಯನ್ನು ತಡೆಯುತ್ತಿದ್ದದ್ದು ಆ ನಾಲ್ಕು ಬೆರಳು ನೀರು; ಅದು ತಗ್ಗಿದರೆ ಚರಂಡಿಯ ಗಾಳಿ ನೇರವಾಗಿ ಮನೆಯೊಳಕ್ಕೆ ಬರುತ್ತದೆ. ವಾಲ್ವ್ ಇದ್ದರೆ ಸೆಳೆತಕ್ಕೆ ಬಿಲ್ಲೆ ಮೇಲೇಳುತ್ತದೆ, ಕೋಣೆಯ ಗಾಳಿ ಕೊಳವೆಗೆ ಹೋಗುತ್ತದೆ, ಸೆಳೆತ ನಿಂತೊಡನೆ ಬಿಲ್ಲೆ ತನ್ನ ಭಾರಕ್ಕೇ ಕೂತು ಬಾಯಿ ಮುಚ್ಚುತ್ತದೆ.

ಕೊಳ್ಳುವ ಮೊದಲು ನಿಮ್ಮ ಮನೆಯ ಸದ್ದು ಯಾವ ಬಗೆಯದೆಂದು ಗುರುತಿಸಿಕೊಳ್ಳಿ ಎಂದು ಕಳಕಳಿಯಿಂದ ಹೇಳುತ್ತೇನೆ. ಸಿಂಕಿಗೆ ಬಿರಟೆ ಹಾಕಿ, ತುಂಬ ನೀರು ನಿಲ್ಲಿಸಿ, ಒಮ್ಮೆಗೇ ಬಿಡಿ. ನೀರು ಸಲೀಸಾಗಿ ಇಳಿದು ಕೊನೆಯಲ್ಲಷ್ಟೇ ಗೊಳಗೊಳ ಎಂದರೆ ಅದು ಗಾಳಿಯ ಕೊರತೆ. ನೀರು ನಿಧಾನವಾಗಿ ಇಳಿಯುತ್ತಾ ಬಚ್ಚಲಿನ ಜಾಲರಿಯಲ್ಲೋ ಕಮೋಡಿನಲ್ಲೋ ಗುಳ್ಳೆ ಏಳುತ್ತಿದ್ದರೆ ಮುಂದೆಲ್ಲೋ ಕಟ್ಟಿಕೊಂಡಿದೆ ಎಂದು ಅರ್ಥ. ಅಲ್ಲಿ ಈ ವಾಲ್ವ್ ಕೆಲಸಕ್ಕೆ ಬಾರದು. ಇದು ಗಾಳಿಯನ್ನು ಒಳಗೆ ಬಿಡುತ್ತದೆಯೇ ಹೊರತು ಒಳಗಿನ ಒತ್ತಡವನ್ನು ಹೊರಗೆ ಬಿಡುವುದಿಲ್ಲ. ಬಿಸಿನೀರು ಸುರಿದ ಮೇಲೆ ಟಿಕ್ ಟಿಕ್ ಎಂದರೆ ಪಿವಿಸಿ ಕೊಳವೆ ಹಿಗ್ಗಿ ಕ್ಲಾಂಪಿಗೆ ಉಜ್ಜುತ್ತಿರುತ್ತದೆ. ಮೂರು ಮೀಟರ್ ಕೊಳವೆ 40 ಡಿಗ್ರಿ ಬಿಸಿಯೇರಿದರೆ ಸುಮಾರು 7 ಮಿಲಿಮೀಟರ್ ಉದ್ದವಾಗುತ್ತದೆ. ಕ್ಲಾಂಪ್ ಸ್ವಲ್ಪ ಸಡಿಲಿಸಿದರೆ ಸಾಕು. ನಲ್ಲಿ ನಿಲ್ಲಿಸಿದಾಗ ಧಡ್ ಎನ್ನುವುದು ನೀರು ಬರುವ ಕೊಳವೆಯ ತೊಂದರೆ, ಚರಂಡಿಯದಲ್ಲ.

ಚರಂಡಿ ಕೊಳವೆಗೆ ಗಾಳಿಯಾಡಲು ತಾರಸಿಯವರೆಗೆ ಏರಿಸಿರುವ ವೆಂಟ್ ಪೈಪನ್ನೂ ನೋಡಿ. ನಮ್ಮದರಲ್ಲಿ ಒಣಗಿದ ಎಲೆ ತುಂಬಿತ್ತು. ತೆಗೆದ ಮೇಲೆ ಬಚ್ಚಲಿನ ಸದ್ದು ಅಡಗಿತು, ಸಿಂಕಿನದು ಅಡಗಲಿಲ್ಲ. ಸಿಂಕ್ ಮುಖ್ಯ ಕೊಳವೆಯಿಂದ ಬಹಳ ದೂರದಲ್ಲಿದೆ, ನಡುವೆ ಗಾಳಿಗೆ ದಾರಿಯೇ ಇರಲಿಲ್ಲ. ವಾಲ್ವ್ ಬೇಕಾಗಿದ್ದದ್ದು ಅಲ್ಲಿಗೆ. ವಾಲ್ವ್ ಹಾಕಿದರೂ ತಾರಸಿಯ ಪೈಪ್ ತೆರೆದೇ ಇರಬೇಕು ಎಂಬುದು ನೆನಪಿರಲಿ.

ಮೊದಲು ಜೋಡಿಸಿದವರು ಜಾಗ ಸಾಲದೆಂದು ವಾಲ್ವನ್ನು ಓರೆಯಾಗಿ, ತೀರ ಕೆಳಗೆ ಕೂರಿಸಿದ್ದರು. ವಾರದಲ್ಲೇ ಸದ್ದೂ ವಾಸನೆಯೂ ಮರಳಿದವು. ಅದು ನೆಟ್ಟಗೆ ನಿಂತಿರಬೇಕು, ಅಡ್ಡ ಕೊಳವೆಗಿಂತ ಕನಿಷ್ಠ 100 ಮಿಲಿಮೀಟರ್ ಎತ್ತರದಲ್ಲಿರಬೇಕು. ಸರಿಪಡಿಸಿದ ದಿನ ಟಿಶ್ಯೂ ಕಾಗದದ ತೆಳು ಎಳೆಯೊಂದನ್ನು ವಾಲ್ವಿನ ಕಿಂಡಿಗೆ ಹಿಡಿದು ಕೂತೆ. ಸಿಂಕಿನ ನೀರು ಸುಳಿ ತಿರುಗುತ್ತಿದ್ದಂತೆ ಕಾಗದ ಒಳಕ್ಕೆ ಬಾಗಿ ಕಿಂಡಿಗೆ ಅಂಟಿತು, ನೀರು ಮುಗಿದ ಮರುಕ್ಷಣ ಸಡಿಲಗೊಂಡು ಜೋತುಬಿತ್ತು. ಗೊಳಗೊಳ ಇಲ್ಲ. ಅಷ್ಟು ಸಂತೋಷ ಮನೆಗೆ ತಂದ ಬೇರೆ ಯಾವ ವಸ್ತುವೂ ನನಗೆ ಕೊಟ್ಟಿರಲಿಲ್ಲ.

ಎರಡೂವರೆ ವರ್ಷ ಅದರ ಸುದ್ದಿಯೇ ಇರಲಿಲ್ಲ. ಮೂರನೆಯ ವರ್ಷ ಸದ್ದು ಮತ್ತೆ ಶುರುವಾಯಿತು. ಬಿಚ್ಚಿ ನೋಡಿದರೆ ಬಿಲ್ಲೆಯ ಅಂಚಿಗೆ ಸೋಪು ಮತ್ತು ಎಣ್ಣೆಯ ಜಿಡ್ಡು ಹಿಡಿದು ಅದು ಮೇಲೇಳದಂತೆ ಅಂಟಿಕೊಂಡಿತ್ತು. ಉಗುರು ಬೆಚ್ಚಗಿನ ನೀರಿನಲ್ಲಿ ತೊಳೆದೆ. ಕೆಲವು ವಾರ ನಡೆಯಿತು, ಆಮೇಲೆ ಹೊಸದನ್ನೇ ಹಾಕಿದೆ. ತಿರುಪಿನ ಜೋಡಣೆ ಇದ್ದುದರಿಂದ ಕೈಯಲ್ಲೇ ಹತ್ತು ನಿಮಿಷದ ಕೆಲಸವಾಯಿತು. ಗಮ್ ಹಾಕಿ ಅಂಟಿಸಿದ್ದರೆ ಕೊಳವೆಯನ್ನೇ ಕತ್ತರಿಸಬೇಕಾಗಿತ್ತು. ಆದ್ದರಿಂದ ತಿರುಪಿನದನ್ನೇ ಕೊಳ್ಳಿ, ಕೈಗೆಟಕುವ ಜಾಗದಲ್ಲೇ ಹಾಕಿಸಿ, ಗೋಡೆಯೊಳಗೆ ಮುಚ್ಚಿಬಿಡಬೇಡಿ.

ಗಾಳಿಯ ಕೊರತೆಯ ಸದ್ದು ನಿಲ್ಲಿಸುವುದರಲ್ಲಿ ಈ ವಾಲ್ವಿಗೆ ಐದರಲ್ಲಿ ನಾಲ್ಕು ಅಂಕ ಕೊಡುತ್ತೇನೆ. ಒಂದು ಅಂಕ ಕಳೆದದ್ದು ಆ ಜಿಡ್ಡಿನ ಸಲುವಾಗಿ. ಈಗ ಮೂರು ತಿಂಗಳಿಗೊಮ್ಮೆ ಕಾಗದದ ಎಳೆ ಹಿಡಿದು ನೋಡುತ್ತೇನೆ. ಕಳೆದ ವಾರವೂ ಅದು ಚುರುಕಾಗಿಯೇ ಒಳಕ್ಕೆ ಬಾಗಿತು.