ಕ್ರ್ಯಾಕ್ ಸಾಫ್ಟ್‌ವೇರಿನ ಸ್ಕ್ಯಾನರ್: ನಮ್ಮ ಗ್ಯಾರೇಜಿನಲ್ಲಿ ಕೆಲವು ವರ್ಷ ಬಳಸಿದ ಮೇಲೆ

ಮೊದಲೇ ಹೇಳಿಬಿಡುತ್ತೇನೆ, ಐದಕ್ಕೆ ಒಂದು ಸ್ಟಾರ್. ಅದೂ ಹಳೇ ಗಾಡಿಗಳ ಕೋಡ್ ಓದುತ್ತದೆ ಅನ್ನುವ ಕಾರಣಕ್ಕೆ ಮಾತ್ರ.

ಗಾಡಿಯ ಕಂಪ್ಯೂಟರಿಗೆ ಸಿಕ್ಕಿಸಿ ದೋಷದ ಕೋಡ್ ಓದುವ, ಆನ್‌ಲೈನ್‌ನಲ್ಲಿ ಕೆಲವು ಸಾವಿರಕ್ಕೆ ಸಿಗುವ ಮಲ್ಟಿಬ್ರ್ಯಾಂಡ್ ಸ್ಕ್ಯಾನರ್ ಡಬ್ಬಿ ಇದು. ಯುರೋಪಿನ ಕಂಪನಿಯೊಂದರ ಉಪಕರಣದ ನಕಲು. ಜೊತೆಗೆ ಒಂದು ಪೆನ್‌ಡ್ರೈವ್, ಅದರೊಳಗೆ ಕ್ರ್ಯಾಕ್ ಮಾಡಿದ, ಅಂದರೆ ಲೈಸೆನ್ಸಿನ ಬೀಗ ಮುರಿದ ಸಾಫ್ಟ್‌ವೇರ್. ಗೋಣಿಕೊಪ್ಪದ ಹತ್ತಿರ ನಾನು ಗ್ಯಾರೇಜ್ ವಹಿಸಿಕೊಂಡಾಗ ಜಾಕು, ಸ್ಪ್ಯಾನರ್ ಸೆಟ್ಟಿನ ಜೊತೆ ಇದೂ ಬಂತು. ನಮ್ಮ ಕಡೆ ಇದನ್ನು ಇಟ್ಟುಕೊಂಡವರು ತುಂಬಾ ಜನ ಇದ್ದಾರೆ, ಬಾಯಿಬಿಟ್ಟು ಹೇಳುವುದಿಲ್ಲ ಅಷ್ಟೇ. ಅವರನ್ನು ಬೈಯುವುದಕ್ಕೂ ಮನಸ್ಸು ಬರುವುದಿಲ್ಲ. ಕಂಪನಿ ಸರ್ವೀಸ್ ಅಂತ ತಿತಿಮತಿ, ಹುಣಸೂರು ದಾಟಿ ಮೈಸೂರಿಗೆ ಹೋದರೆ ಒಂದು ದಿನ ಪೂರ್ತಿ ಹೋಯಿತು, ಕಾಫಿ ಕೊಯ್ಲಿನ ಹೊತ್ತಲ್ಲಿ ಯಾವ ತೋಟದವರು ಪಿಕಪ್ ಬಿಟ್ಟುಕೊಡುತ್ತಾರೆ ಹೇಳಿ?

ಹಳೇ ಡೀಸೆಲ್ ಗಾಡಿಗೆ ಹಾಕಿದರೆ ಕೋಡ್ ಬರುತ್ತದೆ, ಅಳಿಸಬಹುದು. ಸರಿ. ಅದರಾಚೆಗೆ ಹೋದರೆ ತೊಂದರೆ ಶುರು.

ಇದರ ಲಿಸ್ಟಿನಲ್ಲಿ ಇರುವುದು ಹೆಚ್ಚಾಗಿ ಯುರೋಪಿನ ಗಾಡಿಗಳು. ಕ್ರ್ಯಾಕ್ ಆದ ವರ್ಷಕ್ಕೇ ಅದರ ಲಿಸ್ಟ್ ನಿಂತುಹೋಗಿದೆ. ಅಪ್‌ಡೇಟ್ ಕೊಟ್ಟರೆ ಡಬ್ಬಿಯ ನಕಲಿ ಸೀರಿಯಲ್ ನಂಬರ್ ಸಿಕ್ಕಿಬಿದ್ದು ಅದು ಅಲ್ಲೇ ಸಾಯುತ್ತದೆ. ಹಾಗಾಗಿ ನಮ್ಮ ಬಿಎಸ್6 (ಹೊಸ ಹೊಗೆ ನಿಯಮದ) ಗಾಡಿ ಬಂದರೆ 'ಇದೇ ತರದ ಇಂಜಿನ್' ಅಂತ ಯಾವುದನ್ನೋ ಆರಿಸಿ ಒಳಗೆ ಹೋಗುತ್ತಾರೆ. ಒಂದು ಕಾರಿನಲ್ಲಿ ಕೂಲಂಟ್ ಬಿಸಿ ಮೈನಸ್ 40 ಡಿಗ್ರಿ ಅಂತ ತೋರಿಸಿತು. ಮಡಿಕೇರಿಯ ಡಿಸೆಂಬರ್ ಚಳಿಗೂ ಒಂದು ಮಿತಿ ಇದೆ, ಅಲ್ವಾ! ಒಬಿಡಿ, ಅಂದರೆ ಗಾಡಿ ತನ್ನ ದೋಷ ತಾನೇ ಹೇಳುವ ವ್ಯವಸ್ಥೆಯ ಲೆಕ್ಕದಲ್ಲಿ ಗಾಡಿಯಿಂದ ಬಂದ ಸಂಖ್ಯೆಯಿಂದ 40 ಕಳೆದರೆ ಡಿಗ್ರಿ ಸಿಗುತ್ತದೆ. ಏನೂ ಬರದೆ ಸೊನ್ನೆ ಅಂತ ಹಿಡಿದರೆ ಮೈನಸ್ 40. ಇದಾದರೂ ನೋಡಿದ ತಕ್ಷಣ ಸುಳ್ಳು ಅಂತ ಗೊತ್ತಾಗುತ್ತದೆ. ನಂಬುವ ಹಾಗೆ ಕಾಣುವ ಸುಳ್ಳು ಸಂಖ್ಯೆಗಳೇ ಅಪಾಯ.

ಅದಕ್ಕೆ ಡಿಪಿಎಫ್ ವಿಷಯ ನೋಡಿ. 2020ರ ಏಪ್ರಿಲ್‌ನಲ್ಲಿ ಬಿಎಸ್6 ಬಂದ ಮೇಲೆ ಡೀಸೆಲ್ ಪಿಕಪ್‌ಗಳಲ್ಲೂ ಮಸಿ ಹಿಡಿಯುವ ಈ ಫಿಲ್ಟರ್ ಬಂತು. ಒಳಗಿನ ಮಸಿ ಸುಟ್ಟುಹೋಗಬೇಕಾದರೆ ಸುಮಾರು 600 ಡಿಗ್ರಿ ಬಿಸಿ ಬೇಕು, ಅದಕ್ಕೆ ಗಾಡಿ ಒಂದೇ ಸಮನೆ ಸ್ವಲ್ಪ ಹೊತ್ತು ಓಡಬೇಕು. ನಮ್ಮ ಗಾಡಿಗಳು ತೋಟದೊಳಗೆ ಫಸ್ಟ್, ಸೆಕೆಂಡ್ ಗೇರಿನಲ್ಲೇ ತೆವಳುತ್ತವೆ, ಕಣಕ್ಕೆ ಬಂದು ನಿಲ್ಲುತ್ತವೆ, ಮತ್ತೆ ತೆವಳುತ್ತವೆ. ಮಸಿ ತುಂಬಿ ವಾರ್ನಿಂಗ್ ಲೈಟ್ ಬೀಳದೆ ಇನ್ನೇನಾಗುತ್ತದೆ?

ಹಾಗೆ ಒಂದು ಪಿಕಪ್ ಬಂತು. ಬೇರೆ ಕಡೆ ಇದೇ ತರದ ಡಬ್ಬಿ ಹಾಕಿ ಪದೇ ಪದೇ ಫೋರ್ಸ್ಡ್ ರೀಜನರೇಷನ್, ಅಂದರೆ ಗಾಡಿ ನಿಂತಲ್ಲೇ ಮಸಿ ಸುಡಿಸುವ ಬರ್ನ್, ಮಾಡಿಸಿದ್ದರು. ತೋಟದ ಲೆಕ್ಕ ಬರೆಯುವ ರೈಟರ್ ಬಂದವರೇ, "ಅಣ್ಣ, ಇನ್ನೊಂದ್ಸಲ ಬರ್ನ್ ಮಾಡಿಬಿಡಿ, ನಾಳೆ ಲೋಡ್ ಇದೆ" ಅಂದರು. ಡಿಪ್‌ಸ್ಟಿಕ್ ಎಳೆದು ನೋಡಿದೆ. ಆಯಿಲ್ ಮ್ಯಾಕ್ಸ್ ಗೆರೆ ದಾಟಿ ಮೇಲಿತ್ತು, ಮೂಗಿನ ಹತ್ತಿರ ಹಿಡಿದರೆ ಡೀಸೆಲ್ ವಾಸನೆ. ಬರ್ನ್ ಮಾಡುವಾಗ ಬಿಸಿ ಏರಿಸಲು ಇಂಜಿನ್ ಜಾಸ್ತಿ ಡೀಸೆಲ್ ಬಿಡುತ್ತದೆ, ಅದರಲ್ಲಿ ಸ್ವಲ್ಪ ಸಿಲಿಂಡರ್ ಗೋಡೆಯಿಂದ ಇಳಿದು ಆಯಿಲಿಗೆ ಸೇರುತ್ತದೆ. ಮತ್ತೆ ಮತ್ತೆ ಮಾಡಿದರೆ ಆಯಿಲ್ ನೀರಿನಂತೆ ತೆಳ್ಳಗಾಗಿ ಬೇರಿಂಗ್, ಟರ್ಬೊ ಎಲ್ಲಕ್ಕೂ ಕುತ್ತು. ಡಬ್ಬಿ ಹಾಕಿ ನೋಡಿದರೆ ಫಿಲ್ಟರಿನ ಎರಡು ಬದಿಯ ಪ್ರೆಶರ್ ವ್ಯತ್ಯಾಸ ಇಷ್ಟು ಅಂತ ಒಂದು ಸಂಖ್ಯೆ ಇದೆ, ಇಂಜಿನ್ ಆನ್ ಇದ್ದರೂ ಆಫ್ ಇದ್ದರೂ ಅಷ್ಟೇ, ರೇಸ್ ಮಾಡಿದರೂ ಅಲ್ಲಾಡುವುದಿಲ್ಲ. ಕೊನೆಗೆ ಗಾಡಿ ಅಡಿಗೆ ಮಲಗಿ ಟಾರ್ಚ್ ಹಾಕಿದಾಗ ಗೊತ್ತಾಯಿತು: ಫಿಲ್ಟರಿನ ಹಿಂದಿನ ಬದಿಯಿಂದ ಪ್ರೆಶರ್ ಸೆನ್ಸರಿಗೆ ಹೋಗುವ ರಬ್ಬರ್ ಹೋಸನ್ನು ಇಲಿ ಕಡಿದಿತ್ತು. ಹಾಗಾಗಿ ಎರಡು ಬದಿಯ ಪ್ರೆಶರ್ ವ್ಯತ್ಯಾಸ ಜಾಸ್ತಿ ಕಂಡು, ಫಿಲ್ಟರ್ ತುಂಬಿದೆ ಅಂತಲೇ ಇಸಿಯು (ಇಂಜಿನ್ ಕಂಪ್ಯೂಟರ್) ತಿಳಿದುಕೊಂಡಿತ್ತು. ಒಂದು ತುಂಡು ಹೋಸ್, ಒಂದು ಆಯಿಲ್ ಚೇಂಜ್, ಆಮೇಲೆ ಕುಶಾಲನಗರ ದಾಟಿ ಪಿರಿಯಾಪಟ್ಟಣದ ಕಡೆ ನೇರ ರಸ್ತೆಯಲ್ಲಿ ಒಂದು ಓಟ. ಮುಗಿಯಿತು. (ನಿಂತಲ್ಲೇ ಬರ್ನ್ ಮಾಡುವವರು ಗಾಡಿ ಅಡಿಯಲ್ಲಿ ಒಣಗಿದ ಎಲೆ ಇದೆಯಾ ನೋಡಿ. ಸಿಲ್ವರ್ ಓಕ್ ಎಲೆಗೆ ಬೆಂಕಿ ಹತ್ತಲು ಎಷ್ಟು ಹೊತ್ತು ಬೇಕು?)

ಓದುವಾಗಲೇ ಹೀಗೆ. ಇನ್ನು ಗಾಡಿಯ ಕಂಪ್ಯೂಟರಿಗೆ ಬರೆಯುವುದು ಅಂದರೆ ಇಂಜೆಕ್ಟರ್ ಕೋಡಿಂಗ್, ಕೀ ಪ್ರೋಗ್ರಾಮಿಂಗ್, ಇಸಿಯು ಫ್ಲ್ಯಾಶ್ (ಅದರ ಸಾಫ್ಟ್‌ವೇರನ್ನೇ ಹೊಸದಾಗಿ ಬರೆಯುವುದು). ಇವಕ್ಕೆ ನಾನು ಈ ಡಬ್ಬಿಯನ್ನು ಹತ್ತಿರಕ್ಕೂ ಬಿಟ್ಟಿಲ್ಲ. ಬೇರೆ ಇಂಜಿನ್ ಆರಿಸಿ ಬರೆದರೆ ಅದು ಇಸಿಯುನ ಯಾವ ಜಾಗದಲ್ಲಿ ಹೋಗಿ ಕೂರುತ್ತದೆ ಅಂತ ಯಾರಿಗೂ ಗೊತ್ತಿಲ್ಲ. ಫ್ಲ್ಯಾಶ್ ಅರ್ಧದಲ್ಲಿ ನಿಂತರೆ ಗಾಡಿ ಸ್ಟಾರ್ಟೇ ಆಗುವುದಿಲ್ಲ, ಬೇರೆ ಯೂನಿಟ್‌ಗಳಲ್ಲಿ ಯು0100 ಅಂತ, ಅಂದರೆ ಇಂಜಿನ್ ಕಂಪ್ಯೂಟರ್ ಮಾತಿಗೆ ಸಿಗುತ್ತಿಲ್ಲ ಅಂತ ಕೋಡ್ ಬೀಳುತ್ತದೆ. ಜುಲೈಯಲ್ಲಿ ನಮ್ಮ ಕರೆಂಟಿನ ಕಥೆ ಗೊತ್ತಲ್ಲ, ಮರ ಬಿದ್ದರೆ ಚಾರ್ಜರ್ ಆಫ್, ಬ್ಯಾಟರಿ ವೋಲ್ಟೇಜ್ ಇಳಿಯಿತು, ಕೆಲಸ ಕೆಟ್ಟಿತು. ಅಸಲಿ ಉಪಕರಣದಲ್ಲೂ ಈ ಅಪಾಯ ಇದೆ. ಆದರೆ ಒಳ್ಳೆಯವು ವೋಲ್ಟೇಜ್ ನೋಡಿಯೇ ಮುಂದೆ ಬಿಡುತ್ತವೆ, ಕೆಟ್ಟರೆ ಫೋನ್ ಮಾಡಲು ಒಂದು ನಂಬರ್ ಇರುತ್ತದೆ. ಇಲ್ಲಿ ಯಾರಿಗೆ ಫೋನ್ ಮಾಡುತ್ತೀರಿ, ಪೆನ್‌ಡ್ರೈವಿಗಾ?

ಲ್ಯಾಪ್‌ಟಾಪ್ ಕಡೆ ಬನ್ನಿ. ಪೆನ್‌ಡ್ರೈವಿನಲ್ಲಿದ್ದ ಸೂಚನೆ ಹೀಗಿತ್ತು: ಆ್ಯಂಟಿವೈರಸ್ ಆಫ್ ಮಾಡಿ, ನೆಟ್ ತೆಗೆಯಿರಿ, ಕೀಜನ್ (ನಕಲಿ ಲೈಸೆನ್ಸ್ ಕೀ ಹುಟ್ಟಿಸುವ ಪ್ರೋಗ್ರಾಮ್) ಅನ್ನು ಅಡ್ಮಿನಿಸ್ಟ್ರೇಟರ್ ಆಗಿ ಓಡಿಸಿ. ಅಂದರೆ ಮನೆಗೆ ಬೀಗ ಹಾಕಬೇಡಿ, ನಾಯಿಯನ್ನೂ ಕಟ್ಟಿಹಾಕಿ ಅಂದ ಹಾಗೆ. ಸಾಲದ್ದಕ್ಕೆ ವಿಂಡೋಸ್ 7ರಲ್ಲಿ ಹಾಕಿ ಅನ್ನುತ್ತಾರೆ, ಅದಕ್ಕೆ ಮೈಕ್ರೋಸಾಫ್ಟ್ ಉಚಿತ ಸೆಕ್ಯುರಿಟಿ ಅಪ್‌ಡೇಟ್ ನಿಲ್ಲಿಸಿದ್ದು 2020ರ ಜನವರಿಯಲ್ಲಿ. ಸಿದ್ದಾಪುರ ಕಡೆಯ ಗೆಳೆಯನೊಬ್ಬ ಬಿಲ್ ಮಾಡುವ ಲ್ಯಾಪ್‌ಟಾಪಿಗೇ ಇಂಥದ್ದನ್ನು ಹಾಕಿದ್ದ. ಒಂದು ಬೆಳಿಗ್ಗೆ ಜಿಎಸ್‌ಟಿ ಬಿಲ್ಲು, ಗಿರಾಕಿಗಳ ನಂಬರು, ಮಗಳ ಫೋಟೋ, ಯಾವುದೂ ತೆರೆಯಲಿಲ್ಲ, ಜೊತೆಗೆ ಹಣ ಕೇಳುವ ಒಂದು ಚೀಟಿ. ಸ್ಟಾಪ್ ಅನ್ನುವ ರ‍್ಯಾನ್ಸಮ್‌ವೇರ್ ಕುಟುಂಬ ಹರಡಿದ್ದು ಮುಖ್ಯವಾಗಿ ಇಂಥ ಕ್ರ್ಯಾಕ್, ಕೀಜನ್ ಮೂಲಕವೇ. ನನ್ನ ಡಬ್ಬಿ ಇದ್ದದ್ದು ನೆಟ್ ಇಲ್ಲದ, ಬೇರೆ ಏನೂ ಇಲ್ಲದ ಹಳೇ ಲ್ಯಾಪ್‌ಟಾಪಿನಲ್ಲಿ.

ಕಾನೂನು ಬೇರೆ ಇದೆ. 1957ರ ಕಾಪಿರೈಟ್ ಕಾಯ್ದೆಯ 63ಬಿ ಪ್ರಕಾರ ಗೊತ್ತಿದ್ದೂ ನಕಲಿ ಸಾಫ್ಟ್‌ವೇರ್ ಬಳಸಿದರೆ 7 ದಿನದಿಂದ 3 ವರ್ಷದವರೆಗೆ ಜೈಲು, 50 ಸಾವಿರದಿಂದ 2 ಲಕ್ಷದವರೆಗೆ ದಂಡ.

ಈಗ ನಾವು ಕೆಲವು ಗ್ಯಾರೇಜಿನವರು ಸೇರಿ ಒಂದು ಅಸಲಿ ಸ್ಕ್ಯಾನರ್ ತೆಗೆದುಕೊಂಡಿದ್ದೇವೆ, ವರ್ಷದ ಚಂದಾ ಹಂಚಿಕೊಳ್ಳುತ್ತೇವೆ. ಯಾರ ಹತ್ತಿರ ಇದೆ ಅಂತ ವಾಟ್ಸ್‌ಆ್ಯಪಿನಲ್ಲಿ ಕೇಳಬೇಕು, ಕೆಲವೊಮ್ಮೆ ಜಗಳವೂ ಆಗುತ್ತದೆ. ಆದರೂ ನಮ್ಮ ಪಿಕಪ್‌ಗಳ ಹೆಸರು ಲಿಸ್ಟಿನಲ್ಲೇ ಇದೆ. ಫ್ಲ್ಯಾಶ್ ಕೆಲಸ ಬಂದರೆ ಸುಮ್ನೆ ಮೈಸೂರಿಗೆ ಕಳಿಸುತ್ತೇವೆ. ಬರೀ ಚೆಕ್ ಇಂಜಿನ್ ಲೈಟ್ ಯಾಕೆ ಬಂತು ಅಂತ ನೋಡುವ ಮಾಲೀಕರಿಗೆ ಇಷ್ಟೂ ಬೇಡ, ಒಂದು ಒಳ್ಳೆಯ ಬ್ಲೂಟೂತ್ ಡಾಂಗಲ್ ಮತ್ತು ಫೋನಿನ ಆ್ಯಪ್ ಸಾಕು. ಆದರೆ ಡಾಂಗಲ್ ಮೇಲೆ ಇಎಲ್‌ಎಮ್327 ವರ್ಷನ್ 1.5 ಅಂತ ಇದ್ದರೆ ಬಿಡಿ. ಆ ಚಿಪ್ ಮಾಡಿದ ಕೆನಡಾ ಕಂಪನಿ 1.5 ಅನ್ನುವುದನ್ನು ಬಿಡುಗಡೆಯೇ ಮಾಡಿಲ್ಲ.

ಹಳೇ ಡಬ್ಬಿ ಶೆಲ್ಫ್ ಮೇಲಿದೆ. ಅದರ ಪೆನ್‌ಡ್ರೈವ್ ಕಾಪಿ ಮಾಡಿಕೊಡಿ ಅಂತ ಕೇಳಿಕೊಂಡು ಬರುವವರು ಇನ್ನೂ ಇದ್ದಾರೆ. ಕೊಡುವುದಿಲ್ಲ, ಬೇಕಾದರೆ ಬಂದು ಟೀ ಕುಡಿದು ಹೋಗಿ.