ಮೂರು ಮಣಿಯ ದಾರಕ್ಕೆ 350 ರೂಪಾಯಿ

ಕಸೂತಿಯಲ್ಲಿ ಬಟ್ಟೆಯ ಮೇಲೆ ಗೆರೆ ಬರೆದುಕೊಳ್ಳುವುದಿಲ್ಲ, ಎಳೆ ಎಣಿಸಿಯೇ ಸೂಜಿ ಇಳಿಸಬೇಕು. ಒಂದು ಎಳೆ ತಪ್ಪಿದರೆ ಗೋಪುರ ವಾಲುತ್ತದೆ, ಆನೆ ಕುಂಟುತ್ತದೆ. ಧಾರವಾಡದ ನಮ್ಮ ಪಡಸಾಲೆಯಲ್ಲಿ ಕುಳಿತು 22 ವರ್ಷ ಇದನ್ನೇ ಮಾಡಿದ ನನಗೆ ಕಳೆದ ಶ್ರಾವಣದಲ್ಲಿ ಒಂದು ಎಳೆ ಎರಡಾಗಿ ಕಾಣತೊಡಗಿತು. ಹುಬ್ಬಳ್ಳಿಯ ಒಂದು ಕಣ್ಣಿನ ಕ್ಲಿನಿಕ್‌ನಲ್ಲಿ 12 ವಾರ ಚಿಕಿತ್ಸೆ ಪಡೆದೆ. ಹೊಗಳಿಕೆಯ ಜೊತೆ ದೂರೂ ಇರುವುದರಿಂದ ಹೆಸರು ಹಾಕುತ್ತಿಲ್ಲ.

ಎಳೆ ಎರಡಾಗುವುದಕ್ಕೂ ಮೂರು ವಾರ ಮೊದಲು, ಉಣಕಲ್ ಹತ್ತಿರ, ಮಗನ ಸ್ಕೂಟರಿನಲ್ಲಿ ಹಿಂದೆ ಕುಳಿತಿದ್ದಾಗ ತಪ್ಪು ದಿಕ್ಕಿನಿಂದ ಬಂದ ಟಂಟಂ ರಿಕ್ಷಾ ನಮ್ಮನ್ನು ಕೆಡವಿತ್ತು. ನನ್ನ ಹೆಲ್ಮೆಟ್ ಒಡೆಯಿತು, ತಲೆ ಒಡೆಯಲಿಲ್ಲ. ಸ್ಕ್ಯಾನ್‌ನಲ್ಲಿ ಏನೂ ಕಾಣಲಿಲ್ಲ. ಮಗನ ಮುಂಗೈ ಮುರಿದಿದ್ದರಿಂದ ಮನೆಯವರ ಲಕ್ಷ್ಯವೆಲ್ಲ ಅತ್ತಲೇ ಇತ್ತು. ನನಗೋ ರಾತ್ರಿ ಕಣ್ಣು ಮುಚ್ಚಿದರೆ ಆ ಟಂಟಂನ ದೀಪ. ಹಗಲಿನಲ್ಲಿ ಟ್ಯೂಬ್‌ಲೈಟ್ ಕೂಡ ಚುಚ್ಚುತ್ತಿತ್ತು. ಸುಭಾಸ ರಸ್ತೆಗೆ ತರಕಾರಿಗೆಂದು ಹೋದರೆ ಜನ, ಗಾಡಿ, ಬುಟ್ಟಿ ಎಲ್ಲವೂ ಒಮ್ಮೆಲೇ ಮೈಮೇಲೆ ಬಂದಂತಾಗಿ ಬರಿಗೈಯಲ್ಲಿ ಮರಳುತ್ತಿದ್ದೆ.

ಮೊದಲು ಹೋದದ್ದು ಒಂದು ಕನ್ನಡಕದ ಅಂಗಡಿಗೆ. 46 ವರ್ಷ ಎಂದೊಡನೆ ಅವರಿಗೆ ಉತ್ತರ ಸಿಕ್ಕಿಬಿಟ್ಟಿತು. 4,200 ರೂಪಾಯಿಯ ಹೊಸ ಕನ್ನಡಕದಲ್ಲಿ ಎರಡು ಎಳೆಗಳೂ ಬಹಳ ಸ್ಪಷ್ಟವಾಗಿ ಕಂಡವು! ಒಂದು ಕಣ್ಣು ಮುಚ್ಚಿದರೆ ಎಳೆ ಒಂದೇ ಆಗುತ್ತದೆ ಎಂದು ನಾನು ಹೇಳಿದ್ದನ್ನು ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ.

ಕ್ಲಿನಿಕ್‌ನಲ್ಲಿ ವೈದ್ಯರು ಪರೀಕ್ಷಿಸಿ, ಕನ್ನಡಕ ಹಾಕಿದರೆ ಎರಡೂ ಕಣ್ಣು 6/6, ಅಂದರೆ ನೋಟ ಸರಿಯಾಗಿದೆ, ಕಣ್ಣಿನಲ್ಲಿ ರೋಗವಿಲ್ಲ ಎಂದರು. ಆಮೇಲೆ ಒಳಗಿನ ಕೋಣೆಯಲ್ಲಿ ದೃಷ್ಟಿ ಪರೀಕ್ಷಿಸುವ ಆಪ್ಟೋಮೆಟ್ರಿಸ್ಟ್ ಹುಡುಗಿ, "ಅಕ್ಕಾ, ಇತ್ತೀಚೆಗೆ ಎಲ್ಲಾದರೂ ಬಿದ್ದಿರಾ? ರಾತ್ರಿ ನಿದ್ದೆ ಬರುತ್ತದೆಯೇ?" ಎಂದು ಕೇಳಿದಳು. ಕಣ್ಣಿನ ದವಾಖಾನೆಯಲ್ಲಿ ನಿದ್ದೆಯ ಮಾತು ಬಂದದ್ದಕ್ಕೆ ನಾನು ಅತ್ತುಬಿಟ್ಟೆ. ಅವಳು ಅವಸರ ಮಾಡಲಿಲ್ಲ. ನಂತರ ಪೆನ್ನಿನ ತುದಿಯನ್ನು ನನ್ನ ಮೂಗಿನ ಕಡೆಗೆ ತಂದಳು. 6–7 ಸೆಂಟಿಮೀಟರ್‌ವರೆಗೆ ಒಂದಾಗಿಯೇ ಕಾಣಬೇಕಾದದ್ದು ನನಗೆ 19ರಲ್ಲೇ ಎರಡಾಯಿತು.

ಅವಳು ತಿಳಿಸಿದ್ದು ಹೀಗೆ: ತಲೆಗೆ ಪೆಟ್ಟಾದಾಗ ಸ್ಕ್ಯಾನ್‌ನಲ್ಲಿ ಏನೂ ಕಾಣದಿದ್ದರೂ, ಎರಡು ಕಣ್ಣುಗಳನ್ನು ಒಳಕ್ಕೆ ತಿರುಗಿಸಿ ಒಂದೇ ಬಿಂದುವಿನಲ್ಲಿ ಕೂಡಿಸುವ ಹೊಂದಾಣಿಕೆ ಕೆಡಬಹುದು. ಅದರ ಮೇಲೆ ದೇಹ ಇನ್ನೂ ಗಾಬರಿಯಲ್ಲಿದ್ದರೆ ಪಾಪೆ ಹಿಗ್ಗಿ ಬೆಳಕು ಹೆಚ್ಚು ಒಳಬರುತ್ತದೆ. ಅಪಾಯ ಎಲ್ಲಿಂದ ಬಂದೀತೋ ಎಂದು ಮೆದುಳು ಸುತ್ತಲಿನ ಚಲನೆಯನ್ನೇ ಕಾಯುತ್ತಿರುತ್ತದೆ, ಕೈಯಲ್ಲಿರುವ ಕೆಲಸಕ್ಕೆ ಗಮನ ಉಳಿಯುವುದಿಲ್ಲ. ನನ್ನಲ್ಲಿ ಪೆಟ್ಟಿನ ಪಾಲೆಷ್ಟು, ಭಯದ ಪಾಲೆಷ್ಟು ಎಂದು ಬೇರ್ಪಡಿಸಲಾಗದು ಎಂದಳು. ಭಯದ ಪಾಲಿಗೆ ಧಾರವಾಡದ ಮಾನಸಿಕ ಆರೋಗ್ಯ ಸಂಸ್ಥೆ ಡಿಮ್ಹಾನ್ಸ್‌ಗೆ ಚೀಟಿ ಬರೆಸಿಕೊಟ್ಟಳು. ಮನೆಯಿಂದ ಅಲ್ಲಿಗೆ ಆಟೋದಲ್ಲಿ ಹತ್ತು ನಿಮಿಷ. ಓಣಿಯವರ ಬಾಯಿಗೆ ಹೆದರಿ ನಾನು ತೆಗೆದುಕೊಂಡದ್ದು ಎರಡು ವಾರ.

ಇನ್ನು ಕಣ್ಣಿನ ಅಭ್ಯಾಸಕ್ಕೆ ಕೊಟ್ಟ ದಾರ. ಬ್ರಾಕ್ ಸ್ಟ್ರಿಂಗ್ ಎಂಬ ಹೆಸರಿನ ಬಿಳಿ ಹುರಿ, ಅದರಲ್ಲಿ ಮೂರು ಬಣ್ಣದ ಮಣಿ. ಒಂದು ತುದಿಯನ್ನು ಕಿಟಕಿಯ ಸರಳಿಗೆ ಕಟ್ಟಿ, ಇನ್ನೊಂದನ್ನು ಮೂಗಿನ ತುದಿಗೆ ಹಿಡಿದು ಒಂದೊಂದೇ ಮಣಿಯನ್ನು ನೋಡಬೇಕು. ಎಳೆ ಎರಡಾಗಿ ಕಾಣುತ್ತದೆ ಎಂದು ಅಳುತ್ತ ಹೋದವಳಿಗೆ ಇವರು, ದಾರ ಎರಡಾಗಿಯೇ ಕಾಣಬೇಕು ಎಂದರು! ಎರಡು ಕಣ್ಣೂ ಕೆಲಸ ಮಾಡುತ್ತಿದ್ದರೆ ಎರಡು ದಾರಗಳು ನೋಡುತ್ತಿರುವ ಮಣಿಯಲ್ಲೇ ಕತ್ತರಿಯಂತೆ ಕೂಡುತ್ತವೆ. ನನಗೆ ಹತ್ತಿರದ ಮಣಿಯೇ ಎರಡಾಗಿ, ದಾರಗಳು ಅದರಾಚೆ ಎಲ್ಲೋ ಕೂಡುತ್ತಿದ್ದವು. ಅದನ್ನು ಮಣಿಗೆ ಎಳೆದು ತರಲು ಐದು ವಾರ ಹಿಡಿಯಿತು.

ವಾರಕ್ಕೊಂದು ಸಲ ಬರಲು 500 ರೂಪಾಯಿ. ಪೆನ್ಸಿಲ್ ತುದಿಯನ್ನು ಮೂಗಿನ ಕಡೆಗೆ ತರುತ್ತ ಮನೆಯಲ್ಲೇ ಅಭ್ಯಾಸ ಮಾಡಿಕೊಳ್ಳಬಾರದೇ ಎಂದು ಆ ಹುಡುಗಿಯನ್ನು ಕೇಳಿದ್ದೆ. 2008ರಲ್ಲಿ ಅಮೆರಿಕದಲ್ಲಿ ಇದೇ ತೊಂದರೆಯಿದ್ದ 9ರಿಂದ 17 ವರ್ಷದ 221 ಮಕ್ಕಳ ಮೇಲೆ ನಡೆದ ಅಧ್ಯಯನದಲ್ಲಿ, ಮನೆಯ ಪೆನ್ಸಿಲ್ ಅಭ್ಯಾಸ ಹೋಲಿಕೆಗಾಗಿ ಬರೀ ತೋರಿಕೆಗೆ ಕೊಟ್ಟ ಚಿಕಿತ್ಸೆಗಿಂತ ಮೇಲಾಗಲಿಲ್ಲ, ಕ್ಲಿನಿಕ್‌ಗೆ ಬಂದು ಕಲಿತವರಲ್ಲಿ ಸುಮಾರು ಮುಕ್ಕಾಲು ಪಾಲು ಮಕ್ಕಳು ಸುಧಾರಿಸಿದರು ಎಂದಳು. ನಾನು ಮಗುವಲ್ಲ, ಆದರೂ ದುಡ್ಡು ಕೊಟ್ಟೆ, ಬೇಸರವಿಲ್ಲ. ಬೇಸರವಿರುವುದು ಆ ದಾರದ 350 ರೂಪಾಯಿಗೆ. ನನ್ನ ಸೂಜಿಡಬ್ಬಿಯಲ್ಲಿ ಅಂಥ ಹತ್ತು ದಾರಕ್ಕೆ ಸಾಕಾಗುವಷ್ಟು ಮಣಿಗಳಿವೆ.

ಅದಕ್ಕಿಂತ ದೊಡ್ಡ ದೂರು ಹೊರಗಿನ ಕೋಣೆಯದು. ಬೆಳಕು ತಾಳದವರು ಬಂದು ಕೂರುವಲ್ಲಿ ಮೇಲೆ ಆರು ಬಿಳಿ ದೀಪ, ಗೋಡೆಯಲ್ಲಿ ಅರಚುವ ಟಿ.ವಿ., ಕಾಯುವುದು ಎರಡು ತಾಸು. ಸೆರಗನ್ನು ಹಣೆಯವರೆಗೆ ಎಳೆದುಕೊಂಡು ಹೊಸ ಸೊಸೆಯಂತೆ ಕೂರುತ್ತಿದ್ದೆ. ಎರಡು ಸಲ ಹೇಳಿದರೂ ಟಿ.ವಿ. ಆರಲಿಲ್ಲ. ಹೋಗುವವರು ಬೆಳಗಿನ ಮೊದಲ ಪಾಳಿ ಕೇಳಿ ಪಡೆಯಿರಿ.

ಈಗ ಪೆನ್ನು 8 ಸೆಂಟಿಮೀಟರ್‌ಗೆ ಬಂದರೂ ಒಂದೇ. ಗವಂತಿ, ಮುರ್ಗಿ ಎಂಬ ಕಸೂತಿ ಹೊಲಿಗೆಗಳು ಎರಡೂ ನೇರವಾಗಿ ಬರುತ್ತಿವೆ. ಒಪ್ಪಿಕೊಂಡಿದ್ದ ಕಪ್ಪು ಚಂದ್ರಕಾಳಿ ಸೀರೆ ಮಾತ್ರ ಇನ್ನೂ ಪೆಟ್ಟಿಗೆಯಲ್ಲಿದೆ. ಕಪ್ಪಿನ ಮೇಲೆ ಎಳೆ ಎಣಿಸಲು ಬೆಳಗಿನ ಒಂದು ತಾಸು ಕಣ್ಣು ಒಪ್ಪುತ್ತದೆ, ಸಂಜೆ ಒಪ್ಪುವುದಿಲ್ಲ.