ಆಟಿಸಂ ಕುರಿತ ಪುಸ್ತಕಗಳು: ಓದಿ, ಮನೆಯಲ್ಲಿ ಪ್ರಯೋಗಿಸಿ ನೋಡಿದ ಮೇಲೆ

ಆಟಿಸಂ ಇರುವ ಮಗುವಿನ ತಂದೆತಾಯಿ ಮೊದಲು ಯಾವ ಪುಸ್ತಕ ಓದಬೇಕೆಂದು ಕೇಳಿದರೆ ಈಚೆಗೆ ಸಿಗುವ ಉತ್ತರ ಹೆಚ್ಚುಕಡಿಮೆ ಒಂದೇ: ಆಟಿಸಂ ಇರುವವರೇ ಬರೆದದ್ದನ್ನು ಓದಿ, ತಾಯಂದಿರು ಮತ್ತು ವೈದ್ಯರು ಬರೆದದ್ದನ್ನು ಆಮೇಲೆ ನೋಡಿದರಾಯಿತು. ಈ ಸಲಹೆಯ ಹಿಂದಿರುವ ನ್ಯಾಯವನ್ನು ನಾನು ಒಪ್ಪುತ್ತೇನೆ. ಆದರೂ ಹೆಚ್ಚು ಮಾತಿಲ್ಲದ, ಈಗ ಮೀಸೆ ಚಿಗುರುತ್ತಿರುವ ಮಗನೊಂದಿಗೆ ಬದುಕುತ್ತ, ಈ ಪುಸ್ತಕಗಳನ್ನು ಒಂದೊಂದಾಗಿ ಓದಿ, ಅವು ಹೇಳಿದ್ದನ್ನು ಅಡುಗೆಮನೆಯಲ್ಲೂ ಬಚ್ಚಲಲ್ಲೂ ಬಸ್ಸಿನಲ್ಲೂ ಪ್ರಯೋಗಿಸಿ ನೋಡಿದ ಮೇಲೆ, ನನ್ನ ಲೆಕ್ಕದಲ್ಲಿ ಮೊದಲ ಸ್ಥಾನ ಸಿಕ್ಕಿದ್ದು 1967ರಲ್ಲಿ ಕ್ಲಾರಾ ಕ್ಲೇಬೋರ್ನ್ ಪಾರ್ಕ್ ಎಂಬ ತಾಯಿ ಬರೆದ 'ದಿ ಸೀಜ್' ಪುಸ್ತಕಕ್ಕೆ. ಅದು ಹಳೆಯದು, ಅದರ ಕೆಲವು ವಿವರಣೆಗಳು ಇಂದು ನಿಲ್ಲುವುದಿಲ್ಲ, ಅವನ್ನು ತಿದ್ದಿಕೊಳ್ಳಲು ಉಳಿದ ಪುಸ್ತಕಗಳು ಬೇಕೇ ಬೇಕು. ನಾನು ಬಳಸಿದ ಅಳತೆಗೋಲನ್ನು ಮೊದಲೇ ಹೇಳಿಬಿಡುತ್ತೇನೆ: ಪುಸ್ತಕ ಮನ ಕಲಕಿತೇ ಎಂಬುದಲ್ಲ, ಓದಿದ ಮರುದಿನದಿಂದ ನಾವು ಹುಡುಗನೊಂದಿಗೆ ನಡೆದುಕೊಳ್ಳುವ ರೀತಿ ಬದಲಾಯಿತೇ ಎಂಬುದು.

ಈ ಅಳತೆಯಲ್ಲಿ ಟೆಂಪಲ್ ಗ್ರಾಂಡಿನ್ ಅವರ 'ಥಿಂಕಿಂಗ್ ಇನ್ ಪಿಕ್ಚರ್ಸ್' (1995) ಚೆನ್ನಾಗಿಯೇ ತೇರ್ಗಡೆಯಾಗುತ್ತದೆ. 1947ರಲ್ಲಿ ಬಾಸ್ಟನ್ನಿನಲ್ಲಿ ಹುಟ್ಟಿ, ಮುಂದೆ ಕೊಲರಾಡೊ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ ಪಶುವಿಜ್ಞಾನದ ಪ್ರಾಧ್ಯಾಪಕಿಯಾದ ಗ್ರಾಂಡಿನ್, ಶಾಲೆಯ ಗಂಟೆಯ ಸದ್ದು ಹಲ್ಲಿನ ವೈದ್ಯರ ಡ್ರಿಲ್ ನರಕ್ಕೆ ತಾಗಿದಂತೆ ನೋಯಿಸುತ್ತಿತ್ತು ಎಂದು ಬರೆಯುತ್ತಾರೆ. ಅದನ್ನು ಓದುವ ತನಕ, ಕುಕ್ಕರ್ ಕೂಗಿದಾಗಲೆಲ್ಲ ಮಗ ಕಿವಿ ಮುಚ್ಚಿಕೊಂಡು ಹಿತ್ತಲಿಗೆ ಓಡುವುದನ್ನು ಮನೆಯಲ್ಲಿ ಎಲ್ಲರೂ ಹೆದರಿಕೆಯೆಂದೇ ಭಾವಿಸಿ, ಹೆದರಿಕೆ ಬಿಡಿಸಲೆಂದು ಅವನನ್ನು ಒಲೆಯ ಬಳಿಯೇ ನಿಲ್ಲಿಸುವ ಪ್ರಯತ್ನ ನಡೆಯುತ್ತಿತ್ತು. ನೋವು ಬೇರೆ, ಹೆದರಿಕೆ ಬೇರೆ. ನೋವನ್ನು ಅಭ್ಯಾಸದಿಂದ ಬಿಡಿಸಲಾಗದು. ಅಂದಿನಿಂದ ಕುಕ್ಕರ್ ಇಡುವ ಮುನ್ನ ಅವನಿಗೆ ಹೇಳುತ್ತೇವೆ, ಅವನು ತಾನಾಗಿ ಹಿತ್ತಲಿಗೆ ಹೋಗಿ ನಿಂತು, ಕೂಗುಗಳು ಮುಗಿದ ಮೇಲೆ ಒಳಗೆ ಬರುತ್ತಾನೆ. ಮೈಯನ್ನು ಅಮುಕುವ ಒತ್ತಡದ ವಿಷಯವೂ ಹೀಗೆಯೇ. ಅರಿಜೋನಾದಲ್ಲಿ ತಮ್ಮ ಚಿಕ್ಕಮ್ಮನ ರಾಂಚಿನಲ್ಲಿ ದನಗಳನ್ನು ಎರಡು ಬದಿಯಿಂದ ಅಮುಕಿ ಹಿಡಿಯುವ ಕಟಕಟೆಯನ್ನು ನೋಡಿ, ಅಂಥದ್ದೇ ಒಂದನ್ನು ತಮಗಾಗಿ ಕಟ್ಟಿಕೊಂಡ ಅವರ ಕಥೆ ಪ್ರಸಿದ್ಧವಾಗಿದೆ. ನಮ್ಮ ಹುಡುಗ ಮಡಚಿಟ್ಟ ಹಾಸಿಗೆಗಳಿಗೂ ಗೋಡೆಗೂ ನಡುವೆ ತೂರಿಕೊಂಡು ಮಲಗುತ್ತಿದ್ದುದೇಕೆಂದು ಆಗ ಅರ್ಥವಾಯಿತು. ಒರಟು ಕಂಬಳಿಯಲ್ಲಿ ಬಿಗಿಯಾಗಿ ಸುತ್ತಿದರೆ ಅವನು ಇಂದಿಗೂ ಬೇಗ ಶಾಂತನಾಗುತ್ತಾನೆ.

ಆದರೆ ಇದೇ ಪುಸ್ತಕವನ್ನು ನೆಂಟರ ಕೈಗೆ ಕೊಡುವುದು ಅಪಾಯ. ಗ್ರಾಂಡಿನ್ ನಾಲ್ಕು ವರ್ಷ ತುಂಬುವ ಹೊತ್ತಿಗೆ ಮಾತನಾಡತೊಡಗಿದ್ದವರು, ಅನುಕೂಲಸ್ಥ ಮನೆಯವರು, ಬಹಳ ಸಣ್ಣ ವಯಸ್ಸಿನಿಂದಲೇ ಅವರೊಂದಿಗೆ ಕೂತು ಕಲಿಸುವವರಿದ್ದರು. ಅದನ್ನೆಲ್ಲ ಬಿಟ್ಟು ಕಡೆಯ ಫಲವನ್ನಷ್ಟೇ ಹಿಡಿದು, 'ನಿಮ್ಮ ಮಗನೂ ವಿಜ್ಞಾನಿ ಆಗ್ತಾನೆ ನೋಡ್ತಿರಿ' ಎನ್ನುವವರಿಗೆ ಏನು ಹೇಳಬೇಕೆಂದು ನನಗೆ ಈಗಲೂ ಗೊತ್ತಿಲ್ಲ. ಗ್ರಾಂಡಿನ್ ಅವರ ಪರವಾಗಿ ಒಂದು ಮಾತನ್ನು ಹೇಳಲೇಬೇಕು: ಆಟಿಸಂ ಇರುವವರೆಲ್ಲರೂ ತಮ್ಮಂತೆ ಚಿತ್ರಗಳಲ್ಲೇ ಯೋಚಿಸುತ್ತಾರೆಂದು ಮೊದಲು ಭಾವಿಸಿದ್ದು ತಪ್ಪೆಂದು 2006ರ ವಿಸ್ತೃತ ಆವೃತ್ತಿಯಲ್ಲಿ ಅವರೇ ಬರೆದು, ವಿನ್ಯಾಸಗಳಲ್ಲಿ ಯೋಚಿಸುವವರೂ ಪದಗಳಲ್ಲಿ ಯೋಚಿಸುವವರೂ ಇದ್ದಾರೆಂದು ಸೇರಿಸಿದರು. ಕೊಳ್ಳುವುದಾದರೆ ಆ ಆವೃತ್ತಿಯನ್ನೇ ಕೊಳ್ಳಬೇಕು.

ಜಪಾನಿನ ನಾವೊಕಿ ಹಿಗಾಶಿದಾ ಹದಿಮೂರನೆಯ ವಯಸ್ಸಿನಲ್ಲಿ ಬರೆದ, 2007ರಲ್ಲಿ ಜಪಾನಿ ಭಾಷೆಯಲ್ಲೂ 2013ರಲ್ಲಿ ಇಂಗ್ಲಿಷಿನಲ್ಲೂ ಬಂದ 'ದಿ ರೀಸನ್ ಐ ಜಂಪ್' ಇವೆಲ್ಲಕ್ಕಿಂತ ಸುಲಭವಾಗಿ ಓದಿಸಿಕೊಳ್ಳುವ ಪುಸ್ತಕ. ಪ್ರಶ್ನೆ, ಒಂದೆರಡು ಪುಟದ ಉತ್ತರ, ಮತ್ತೆ ಪ್ರಶ್ನೆ. ಕನ್ನಡ ಮಾಧ್ಯಮದಲ್ಲಿ ಓದಿ ಇಂಗ್ಲಿಷ್ ಪುಸ್ತಕವೆಂದರೆ ದೂರ ಸರಿಯುವವರೂ ಇದನ್ನು ಮುಗಿಸಬಲ್ಲರು. ನನ್ನ ಪತಿ ಪೂರ್ತಿ ಓದಿದ್ದು ಇದೊಂದನ್ನೇ. ಕೇಳಿದ್ದನ್ನೇ ಏಕೆ ಮತ್ತೆ ಮತ್ತೆ ಕೇಳುತ್ತೀರಿ ಎಂಬ ಪ್ರಶ್ನೆಗೆ ಹಿಗಾಶಿದಾ ಎರಡು ಕಾರಣ ಕೊಡುತ್ತಾರೆ. ತಮ್ಮ ನೆನಪು ಚುಕ್ಕೆಗಳಂತೆ ಚೆದುರಿರುವುದರಿಂದ ಆ ಚುಕ್ಕೆಗಳನ್ನು ಹುಡುಕಿಕೊಳ್ಳಲು ಕೇಳಬೇಕಾಗುತ್ತದೆ ಎಂಬುದು ಒಂದು. ಗೊತ್ತಿರುವ ಮಾತನ್ನು ಆಚೆಗೂ ಈಚೆಗೂ ಎಸೆಯುವುದು ಚೆಂಡಾಟದಷ್ಟೇ ಖುಷಿ ಕೊಡುತ್ತದೆ ಎಂಬುದು ಇನ್ನೊಂದು. ನಮ್ಮ ಮಗ 'ಅಜ್ಜಿ ಊರಿಗೆ ಯಾವಾಗ?' ಎಂದು ದಿನವಿಡೀ ಕೇಳುತ್ತಾನೆ. ಮೊದಲನೆಯ ಕಾರಣ ಅವನಿಗೆ ಹೊಂದುವುದಿಲ್ಲ, ಏಕೆಂದರೆ ವರ್ಷಗಳ ಹಿಂದೆ ಹತ್ತಿದ ಬಸ್ಸಿನ ನಂಬರನ್ನೂ ಅವನು ಮರೆತವನಲ್ಲ. ಎರಡನೆಯದು ಮಾತ್ರ ಅವನನ್ನೇ ನೋಡಿ ಬರೆದಂತಿದೆ: ನಾನು ಉತ್ತರಿಸಲು ತಡಮಾಡಿದರೆ 'ಹಬ್ಬಕ್ಕೆ' ಎಂದು ತಾನೇ ಹೇಳಿ, ನನ್ನ ಬಾಯಿಂದಲೂ ಅದೇ ಪದ ಅದೇ ರಾಗದಲ್ಲಿ ಬರುವ ತನಕ ಮುಖವನ್ನೇ ನೋಡುತ್ತ ನಿಲ್ಲುತ್ತಾನೆ. ಇದನ್ನು ಆಟವೆಂದು ತಿಳಿದ ಮೇಲೆ ನನ್ನ ಸಿಡುಕು ಬಹಳ ಕಡಿಮೆಯಾಗಿದೆ.

ಪುಸ್ತಕದ ಕೆಲವು ಭಾಗಗಳನ್ನು ಕನ್ನಡದಲ್ಲಿ ಹೇಳಿದಾಗ ನನ್ನ ಅತ್ತೆ ಪೂರ್ತಿ ಕೇಳಿ, 'ಇದು ಹದಿಮೂರು ವರ್ಷದ ಹುಡುಗನ ಮಾತಲ್ಲ ಕಣಮ್ಮ, ದೊಡ್ಡೋರು ಯಾರೋ ಹೇಳ್ಕೊಟ್ಟಂಗಿದೆ' ಎಂದರು. ಅವರಿಗೆ ಗೊತ್ತಿಲ್ಲದ ಸಂಗತಿಯೆಂದರೆ, ವಿಮರ್ಶಕರ ಆಕ್ಷೇಪವೂ ಇದೇ. ಹಿಗಾಶಿದಾ ಅಕ್ಷರಫಲಕವನ್ನು ಬೆರಳಿಂದ ತೋರಿಸುತ್ತ ಬರೆದವರು. ತಾವೂ ಆಟಿಸಂ ಇರುವ ಮಗನ ತಂದೆಯಾದ, ಪುಸ್ತಕವನ್ನು ಪತ್ನಿ ಕೆ. ಎ. ಯೋಶಿದಾ ಅವರೊಡನೆ ಇಂಗ್ಲಿಷಿಗೆ ತಂದ ಕಾದಂಬರಿಕಾರ ಡೇವಿಡ್ ಮಿಚೆಲ್ ಅದು ಹುಡುಗನದೇ ಬರಹವೆಂದು ಸಮರ್ಥಿಸುತ್ತ ಬಂದಿದ್ದಾರೆ. ನನ್ನ ನಿಲುವು ನಡುವಿನದು. ಪುಸ್ತಕದ ಪ್ರತಿಯೊಂದು ಉತ್ತರವನ್ನೂ ಊಹೆಯೆಂದು ತೆಗೆದುಕೊಂಡು ನಮ್ಮ ಮಗುವಿನ ಮೇಲೆ ಒರೆಹಚ್ಚಿ ನೋಡಬೇಕು. ಹೊಂದದ್ದನ್ನು ಸಂಕೋಚವಿಲ್ಲದೆ ಬಿಡಬೇಕು. 'ನಾವು' ಎಂದು ಎಲ್ಲ ಆಟಿಸಂ ಮಕ್ಕಳ ಪರವಾಗಿ ಮಾತನಾಡುವ ಅದರ ಧಾಟಿಯನ್ನಂತೂ ಹಾಗೆಯೇ ನಂಬಬಾರದು.

ಇದರ ಪಕ್ಕದಲ್ಲಿ ನಾನು ಇಡುವುದು ಭಾರತದಲ್ಲೇ ಬೆಳೆದು, ಬಾಲ್ಯದ ಒಂದು ಭಾಗವನ್ನು ಕರ್ನಾಟಕದಲ್ಲಿ ಕಳೆದ ಟಿಟೊ ರಾಜರ್ಷಿ ಮುಖೋಪಾಧ್ಯಾಯರ ಬರಹವನ್ನು. ಎಂಟರಿಂದ ಹನ್ನೊಂದನೆಯ ವಯಸ್ಸಿನೊಳಗೆ ಬರೆದದ್ದು 2000ದಲ್ಲಿ ಬ್ರಿಟನ್ನಿನಲ್ಲಿ 'ಬಿಯಾಂಡ್ ದಿ ಸೈಲೆನ್ಸ್' ಎಂದೂ ಆಮೇಲೆ ಅಮೆರಿಕದಲ್ಲಿ 'ದಿ ಮೈಂಡ್ ಟ್ರೀ' ಎಂದೂ ಪ್ರಕಟವಾಯಿತು. ತನ್ನನ್ನೇ 'ಆ ಹುಡುಗ' ಎಂದು ಹೊರಗಿನಿಂದ ನೋಡುತ್ತ ಬರೆಯುವ ಅವರು ಒಂದೆಡೆ ಫ್ಯಾನಿನ ಬಗ್ಗೆ ಹೇಳುತ್ತಾರೆ: ಬೇರೆಬೇರೆಯಾಗಿರುವ ರೆಕ್ಕೆಗಳು ವೇಗವಾಗಿ ತಿರುಗುವಾಗ ಒಂದೇ ವೃತ್ತವಾಗಿ ಕಾಣುವುದರಿಂದ, ತಾನೂ ಗಿರಗಿರನೆ ತಿರುಗಿದರೆ ಚೆದುರಿದ ಕೈಕಾಲುಗಳು ಒಂದಾಗುತ್ತವೆಂದು ಹುಡುಗ ತಿರುಗುತ್ತಿದ್ದನಂತೆ. ಹಿಗಾಶಿದಾ ವಿವರಿಸುತ್ತಾರೆ, ಟಿಟೊ ತೋರಿಸುತ್ತಾರೆ. ಬರಹಗಾರರಾಗಿ ಇಬ್ಬರಲ್ಲಿ ಟಿಟೊ ಬಹಳ ದೊಡ್ಡವರು. ಯಾರೂ ಕೈ ಹಿಡಿಯದೆ ತಾವೇ ಬರೆಯುವುದನ್ನು ಹೊರಗಿನವರೂ ಕಂಡಿದ್ದಾರೆ. ಆದರೆ ಅವರ ತಾಯಿ ಸೋಮಾ ರೂಪಿಸಿದ ಕಲಿಕೆಯ ವಿಧಾನವನ್ನು ಬೇರೆ ಮಕ್ಕಳ ಮೇಲೆ ಬಳಸುವುದಕ್ಕೆ ಆಧಾರ ಸಾಲದೆಂದು ಅಮೆರಿಕದ ವಾಕ್-ಶ್ರವಣ ತಜ್ಞರ ಸಂಘ 2018ರಲ್ಲಿ ಅದರ ವಿರುದ್ಧ ನಿಲುವು ಪ್ರಕಟಿಸಿತು. ಪುಸ್ತಕವನ್ನು ಮೆಚ್ಚುವುದು ಬೇರೆ, ಆ ಮೆಚ್ಚುಗೆಯ ಭರದಲ್ಲಿ ಹಣ ಕಟ್ಟಿ ವಿಧಾನವನ್ನು ಕೊಳ್ಳುವುದು ಬೇರೆ.

ಈಗ ಕ್ಲಾರಾ ಕ್ಲೇಬೋರ್ನ್ ಪಾರ್ಕ್ ಅವರ 'ದಿ ಸೀಜ್'. ಅಮೆರಿಕದ ಮ್ಯಾಸಚೂಸೆಟ್ಸ್ ರಾಜ್ಯದ ಇಂಗ್ಲಿಷ್ ಅಧ್ಯಾಪಕಿ, ನಾಲ್ಕು ಮಕ್ಕಳ ತಾಯಿ. ಕಿರಿಯ ಮಗಳು ಜೆಸ್ಸಿಯನ್ನು ಪುಸ್ತಕದಲ್ಲಿ 'ಎಲ್ಲಿ' (Elly) ಎಂಬ ಹೆಸರಿನಿಂದ ಕರೆದು, ಅವಳ ಮೊದಲ ಎಂಟು ವರ್ಷಗಳನ್ನು ದಾಖಲಿಸಿದ್ದಾರೆ. ನೆಲದ ಮೇಲಿನ ಒಂದು ಚುಕ್ಕೆಯ ಸುತ್ತ ಅಂಬೆಗಾಲಿಡುತ್ತ, ತನ್ನೊಳಗೇ ಆನಂದಿಸುತ್ತ ಸುತ್ತುವ ಮಗುವಿನಿಂದ ಪುಸ್ತಕ ತೊಡಗುತ್ತದೆ. ಅದು ಬಂದ ವರ್ಷವೇ ಮನಶ್ಶಾಸ್ತ್ರಜ್ಞ ಬ್ರೂನೊ ಬೆಟಲ್‌ಹೈಮ್ ಅವರ 'ದಿ ಎಂಪ್ಟಿ ಫೋರ್ಟ್ರೆಸ್' ಕೂಡ ಬಂದು, ತಾಯಿಯ ತಣ್ಣನೆಯ ಮನಸ್ಸೇ ಮಗುವಿನ ಸ್ಥಿತಿಗೆ ಕಾರಣವೆಂಬ ವಾದವನ್ನು ಮನೆಮನೆಗೆ ಮುಟ್ಟಿಸಿತು. ಆ ಗಾಳಿಯಲ್ಲಿ ಕುಳಿತು ಪಾರ್ಕ್ ವಾದ ಮಾಡುವುದಿಲ್ಲ, ಗೋಳಾಡುವುದೂ ಇಲ್ಲ. ಮಗು ಇಂದು ಏನು ಮಾಡಿತು, ನಿನ್ನೆ ಏನು ಮಾಡಲಿಲ್ಲ ಎಂದು ಬರೆಯುತ್ತ ಹೋಗುತ್ತಾರೆ. ಮದುವೆಮನೆಯೊಂದರಲ್ಲಿ ಊಟದ ಪಂಕ್ತಿಯಲ್ಲೇ 'ಮೊಬೈಲ್ ಕೊಟ್ಟು ಕೆಲಸಕ್ಕೆ ಹೋದ್ರೆ ಇನ್ನೇನಾಗುತ್ತೆ' ಎಂಬ ಮಾತು ಕೇಳಿಸಿಕೊಂಡ ನನ್ನಂಥವಳಿಗೆ, ಬೆಟಲ್‌ಹೈಮ್ ಇನ್ನೂ ಬದುಕಿದ್ದಾರೆಂದೇ ಅನ್ನಿಸುತ್ತದೆ. ಅದಕ್ಕೆ ಪಾರ್ಕ್ ಕೊಡುವ ಉತ್ತರದ ಬಗೆ, ಅಂದರೆ ಬರೆದಿಟ್ಟ ವಿವರ, ಯಾವ ಜಗಳಕ್ಕಿಂತಲೂ ಗಟ್ಟಿ.

ಆ ಪುಸ್ತಕದಿಂದ ಕಲಿತದ್ದು ನೋಡುವ ಕ್ರಮವನ್ನು. ಪಾರ್ಕ್ ಅವರ ಮಗಳು ತನಗೆ ಬೇಕಾದ ವಸ್ತುವನ್ನು ತಾನು ಮುಟ್ಟದೆ, ದೊಡ್ಡವರ ಕೈಯನ್ನು ಹಿಡಿದು ಅದರ ಮೇಲಿಡುತ್ತಿದ್ದಳು. ನಮ್ಮ ಹುಡುಗನೂ ಬಚ್ಚಲಿನ ನಲ್ಲಿ ತಿರುಗಿಸಲು ನನ್ನ ಮಣಿಕಟ್ಟನ್ನೇ ಎಳೆದೊಯ್ಯುತ್ತಿದ್ದ. ಅವನ ಕೈಯ ಮೇಲೆ ನನ್ನ ಕೈಯಿಟ್ಟು ತಿರುಗಿಸುವುದು, ಸ್ವಲ್ಪ ಸ್ವಲ್ಪವೇ ನನ್ನ ಬಲ ಕಡಿಮೆ ಮಾಡುವುದು, ಕೊನೆಗೆ ಬೆರಳ ತುದಿ ಮಾತ್ರ ತಾಗಿಸುವುದು, ಆಮೇಲೆ ಬಾಗಿಲ ಬಳಿ ನಿಲ್ಲುವುದು: ಹೀಗೆ ತಿಂಗಳುಗಟ್ಟಲೆ ನಡೆದ ಮೇಲೆ ಒಂದು ಬೆಳಿಗ್ಗೆ ಬಕೆಟ್ಟು ತುಂಬಿ ಹರಿದು ಅಂಗಳಕ್ಕೆ ನೀರು ಬಂತು. ತಿರುಗಿಸುವುದನ್ನು ಕಲಿತಿದ್ದ, ನಿಲ್ಲಿಸುವುದನ್ನು ಕಲಿಸಬೇಕೆಂದು ಯಾರಿಗೂ ಹೊಳೆದಿರಲಿಲ್ಲ.

ಪಾರ್ಕ್ ಎಡವುವುದು ಕಾರಣ ಹೇಳುವಾಗ. ಬಯಸಿದ ದೌರ್ಬಲ್ಯ, ಬಯಸಿದ ಕುರುಡು, ಬಯಸಿದ ಕಿವುಡು, ಬಯಸಿದ ಏಕಾಂತ ಎಂಬರ್ಥದ ಅಧ್ಯಾಯಗಳ ಹೆಸರುಗಳೇ ಮಗು ಬೇಕೆಂದೇ ಹಾಗೆ ಇದೆ ಎಂಬಂತಿವೆ. ಇಲ್ಲಿಯೇ ಗ್ರಾಂಡಿನ್ ಮತ್ತು ಟಿಟೊ ಇಲ್ಲದೆ ನಡೆಯದು. ತುಟಿ ಅಲುಗದಿದ್ದರೆ ಹೇಗೆ ಮಾತನಾಡಲಿ ಎಂಬ ಪ್ರಶ್ನೆಯನ್ನೇ 2008ರ ತಮ್ಮ ಪುಸ್ತಕದ ಹೆಸರಾಗಿಸಿಕೊಂಡ ಟಿಟೊ, ಮನಸ್ಸು ಬಯಸಿದರೂ ದೇಹ ಕೇಳದಿರುವುದನ್ನು ಬರೆದವರು. ಅದನ್ನು ಓದಿದ ಮೇಲೆ 'ಬೇಕಂತಲೇ ಮಾಡ್ತಾನೆ' ಎಂಬ ಮಾತನ್ನು ನಮ್ಮ ಮನೆಯಲ್ಲಿ ನಿಷೇಧಿಸಿದ್ದೇವೆ, ಅತ್ತೆಯವರೂ ಸೇರಿ.

ಉಳಿದವುಗಳ ಬಗ್ಗೆ ಹೆಚ್ಚು ಹೇಳುವ ಅಗತ್ಯವಿಲ್ಲ. ಕ್ಯಾಥರೀನ್ ಮಾರಿಸ್ ಎಂಬ ಕಾವ್ಯನಾಮದಲ್ಲಿ ಬಂದ 'ಲೆಟ್ ಮಿ ಹಿಯರ್ ಯುವರ್ ವಾಯ್ಸ್' (1993) ತೀವ್ರ ವರ್ತನಾ ತರಬೇತಿಯಿಂದ ತಮ್ಮ ಮಕ್ಕಳು ಚೇತರಿಸಿಕೊಂಡರೆಂದು ಹೇಳುತ್ತದೆ. ಕೆಳಗಿಡಲಾಗದಂತೆ ಬರೆದ ಈ ಪುಸ್ತಕವನ್ನು ಆಗಷ್ಟೇ ಆಟಿಸಂ ಎಂದು ಕೇಳಿ ಬಂದ ತಂದೆತಾಯಿಗೆ ನಾನು ಕೊಡುವುದಿಲ್ಲ, ಏಕೆಂದರೆ ಮಗು 'ಗುಣ'ವಾಗದಿದ್ದರೆ ತಾವೇ ಕಡಿಮೆ ದುಡಿದೆವೆಂಬ ಕೊರಗು ಅದರ ಹಿಂದೆಯೇ ಬರುತ್ತದೆ. ಇತಿಹಾಸಕ್ಕೆ ಸ್ಟೀವ್ ಸಿಲ್ಬರ್‌ಮನ್ ಅವರ 'ನ್ಯೂರೋಟ್ರೈಬ್ಸ್' (2015) ಮತ್ತು ಜಾನ್ ಡಾನ್ವನ್, ಕ್ಯಾರೆನ್ ಜಕರ್ ಅವರ 'ಇನ್ ಎ ಡಿಫರೆಂಟ್ ಕೀ' (2016) ಎದುರಾಳಿಗಳು. ಮೊದಲನೆಯದರ ಬರವಣಿಗೆ ಸೊಗಸು. ಆದರೆ ಆಟಿಸಂ ಬಗ್ಗೆ ಆರಂಭದಲ್ಲೇ ಬರೆದ ವಿಯೆನ್ನಾದ ಮಕ್ಕಳ ವೈದ್ಯ ಹಾನ್ಸ್ ಆಸ್ಪರ್ಗರ್ ಅವರನ್ನು ಮಕ್ಕಳ ರಕ್ಷಕರಂತೆ ಚಿತ್ರಿಸಿದ ಭಾಗ, ನಾಜಿ ಕಾಲದಲ್ಲಿ ಮಕ್ಕಳನ್ನು ಕೊಲ್ಲುತ್ತಿದ್ದ ವಿಯೆನ್ನಾದ ಸಂಸ್ಥೆಗೆ ಅವರೇ ಮಕ್ಕಳನ್ನು ಕಳುಹಿಸಿದ್ದರೆಂದು ಇತಿಹಾಸಕಾರ ಹರ್ವಿಗ್ ಚೆಕ್ 2018ರಲ್ಲಿ ಪ್ರಕಟಿಸಿದ ಸಂಶೋಧನೆಯ ಮುಂದೆ ನಿಲ್ಲುವುದಿಲ್ಲ. ಎರಡನೆಯದು ತಂದೆತಾಯಂದಿರ ಹೋರಾಟವನ್ನು ಹೆಚ್ಚು ಹತ್ತಿರದಿಂದ ಹೇಳುತ್ತದೆ. ಒಂದನ್ನೇ ಆರಿಸಬೇಕಾದರೆ ಎರಡನೆಯದನ್ನು ಆರಿಸುತ್ತೇನೆ. ಅದಕ್ಕೆ ಮುಖ್ಯ ಕಾರಣ, 1943ರಲ್ಲಿ ಮನೋವೈದ್ಯ ಲಿಯೊ ಕ್ಯಾನರ್ ಆಟಿಸಂ ಕುರಿತ ತಮ್ಮ ಲೇಖನದಲ್ಲಿ ವರ್ಣಿಸಿದ 11 ಮಕ್ಕಳಲ್ಲಿ ಮೊದಲನೆಯವರಾದ ಡೊನಾಲ್ಡ್ ಟ್ರಿಪ್ಲೆಟ್ ಮಿಸಿಸಿಪ್ಪಿಯ ಫಾರೆಸ್ಟ್ ಎಂಬ ಸಣ್ಣ ಊರಿನಲ್ಲಿ, ಬ್ಯಾಂಕಿನ ಕೆಲಸ, ಗಾಲ್ಫ್, ತನ್ನದೇ ಕಾರು ಎಂದು ಊರವರ ನಡುವೆ ಮುಪ್ಪಿನವರೆಗೂ ಬದುಕಿದ್ದನ್ನು ಅದು ಹಿಂಬಾಲಿಸುವುದು.

ನಮ್ಮಂಥವರ ನಡುವೆ ಕೊನೆಗೆ ಬರುವ ಪ್ರಶ್ನೆ 'ನಮ್ಮ ನಂತರ ಯಾರು?' ಎಂಬುದೇ, ಮತ್ತು ಬಹುಪಾಲು ನೆನಪಿನ ಪುಸ್ತಕಗಳು ಮಗು ಹತ್ತು ವರ್ಷ ದಾಟುವುದರೊಳಗೆ ಮುಗಿದುಹೋಗುತ್ತವೆ. ಪಾರ್ಕ್ ಇಲ್ಲಿಯೂ ಮುಂದಿದ್ದಾರೆ. 2001ರ 'ಎಕ್ಸಿಟಿಂಗ್ ನಿರ್ವಾಣ'ದಲ್ಲಿ ಜೆಸ್ಸಿ ನಲವತ್ತು ದಾಟಿದ ಹೆಂಗಸು. ಕಾಲೇಜಿನ ಅಂಚೆ ವಿಭಾಗದಲ್ಲಿ ಕೆಲಸ ಮಾಡುತ್ತಾಳೆ, ಕಣ್ಣು ಕೋರೈಸುವ ಬಣ್ಣಗಳಲ್ಲಿ ಕಟ್ಟಡಗಳ ಚಿತ್ರ ಬರೆದು ಮಾರುತ್ತಾಳೆ, ತಂದೆತಾಯಿಯ ಮನೆಯಲ್ಲೇ ಇರುತ್ತಾಳೆ. ಮೊದಲ ಪುಸ್ತಕಕ್ಕಿಂತ ಇದು ಚದುರಿದಂತಿದೆ, ಎಣಿಕೆ ಮತ್ತು ಬಣ್ಣಗಳ ಅಧ್ಯಾಯಗಳು ನನಗೆ ಉದ್ದವೆನಿಸಿದವು, ಆದರೆ ಹರೆಯದ ಮಗನಿರುವ ಮನೆಗೆ ಇದನ್ನೇ ಮೊದಲು ಕೊಡುತ್ತೇನೆ. ಕ್ಲಾರಾ ಪಾರ್ಕ್ 2010ರಲ್ಲಿ ತೀರಿಕೊಂಡರು. ಆಮೇಲಿನ ಪುಸ್ತಕವನ್ನು ಆ ಮನೆಯಲ್ಲಿ ಬರೆಯಬಹುದಾಗಿದ್ದವರು ಅವರೊಬ್ಬರೇ.